ಮನೆ ಕೆಲಸ ಅರ್ಧಕ್ಕೆ ಬಿಟ್ಟ ಗುತ್ತಿಗೆದಾರನಿಂದ ನಷ್ಟ ವಸೂಲಿ

ಕೊಡಗಿನಲ್ಲಿ ಜೂನ್ ಮಳೆ ಹಿಡಿದರೆ ಸಾಕ್ಷ್ಯವೂ ನೀರುಪಾಲು. ಹೊಸ ಗುತ್ತಿಗೆದಾರರನ್ನು ಕೆಲಸಕ್ಕೆ ಇಳಿಸುವ ಮೊದಲೇ ಬೇರೊಬ್ಬ ಸಿವಿಲ್ ಎಂಜಿನಿಯರ್‌ರಿಂದ ಅಳತೆ ತೆಗೆಸಿ, ಫೋಟೊ ಸಹಿತ ವರದಿ ಬರೆಸಿಕೊಳ್ಳಿ. ಆಮೇಲೆ ಗೋಡೆಗೆ ಟಾರ್ಪಾಲು ಹೊದಿಸಿ: ತಡೆಯಬಹುದಾಗಿದ್ದ ಹಾನಿಗೆ ಪರಿಹಾರ ಸಿಗುವುದಿಲ್ಲ.

ಹೆಚ್ಚಿನವರು ಎಡವುವುದು ಲೆಕ್ಕದಲ್ಲಿ. ಒಪ್ಪಂದ 30 ಲಕ್ಷ, ಕೊಟ್ಟಿದ್ದು 18 ಲಕ್ಷ, ಆದ ಕೆಲಸದ ಬೆಲೆ 12 ಲಕ್ಷ, ಉಳಿದದ್ದನ್ನು ಮುಗಿಸಲು 21 ಲಕ್ಷ ಎನ್ನೋಣ. 18ಕ್ಕೆ 21 ಕೂಡಿಸಿ 30 ಕಳೆಯಿರಿ. ನಷ್ಟ 9 ಲಕ್ಷ. ಹೆಚ್ಚುವರಿ ಕೊಟ್ಟ 6 ಲಕ್ಷ ಇದರೊಳಗೇ ಇದೆ. ಅದನ್ನು ಮತ್ತೆ ಸೇರಿಸಿ 15 ಲಕ್ಷ ಕೇಳಿದರೆ ಇಡೀ ಲೆಕ್ಕದ ಮೇಲೇ ಅನುಮಾನ ಬರುತ್ತದೆ. ತಡವಾದ ತಿಂಗಳುಗಳ ಮನೆ ಬಾಡಿಗೆಯನ್ನು ರಸೀದಿಯೊಂದಿಗೆ ಬೇರೆಯಾಗಿ ತೋರಿಸಿ.

ನಂತರ ವಕೀಲರ ಮೂಲಕ ನೋಂದಣಿ ಸಹಿತ ಸ್ಪೀಡ್ ಪೋಸ್ಟ್‌ನಲ್ಲಿ ನೋಟಿಸ್ ಕಳಿಸಿ, 15 ದಿನ ಗಡುವು ಕೊಡಿ. ಸ್ವಂತ ವಾಸದ ಮನೆಯಾದರೆ ಮಡಿಕೇರಿಯ ಜಿಲ್ಲಾ ಗ್ರಾಹಕರ ಆಯೋಗಕ್ಕೆ ಹೋಗುವುದೇ ಒಳ್ಳೆಯದು. ಕೊಟ್ಟ ಹಣ 50 ಲಕ್ಷ ಮೀರಿರಬಾರದು, 2 ವರ್ಷದೊಳಗೆ ದೂರು ಸಲ್ಲಿಸಬೇಕು. ಹೋಂಸ್ಟೇಗೆಂದು ಕಟ್ಟಿಸಿದ್ದರೆ ಎದುರಾಳಿ ವಾಣಿಜ್ಯ ಉದ್ದೇಶವೆಂದು ಆಕ್ಷೇಪಿಸುವ ಸಾಧ್ಯತೆ ಹೆಚ್ಚು. ಆಗ ಸಿವಿಲ್ ದಾವೆಯ ದಾರಿಯಿದೆ, ಅವಧಿ 3 ವರ್ಷ. ಬಾಯಿಮಾತಿನ ಒಪ್ಪಂದವೇ? ಬ್ಯಾಂಕ್ ಪಾವತಿ, ವಾಟ್ಸಾಪ್ ಸಂದೇಶಗಳನ್ನು ಅಳಿಸದೆ ಫೋನಿನಲ್ಲೇ ಉಳಿಸಿಕೊಳ್ಳಿ.