ಹೆಂಗಸ್ರು ಗಂಡಸ್ರು ಒಂದೇ ಮ್ಯಾಟಲ್ಲಿ ಕುಸ್ತಿ: ನನ್ನ ಅನುಭವ

ನಾಲ್ಕು ವರ್ಷದ ಹಿಂದೆ ತೀರ್ಥಹಳ್ಳಿ ಕಡೆ ಒಂದು ಅಡಿಕೆ ಶೆಡ್ಡಲ್ಲಿ ಇದನ್ನ ಶುರು ಮಾಡ್ದಾಗ ನಮ್ಮೂರ ಗರಡಿ ಉಸ್ತಾದ್ರೇ "ಮೂರು ತಿಂಗ್ಳು ನಡೆದ್ರೆ ಹೆಚ್ಚು ಕಣಮ್ಮಾ" ಅಂದಿದ್ರು. ಈಗ ನಾಲ್ಕನೇ ಮಳೆಗಾಲ, ವಾರಕ್ಕೆ ಮೂರು ಸಂಜೆ, 14 ಜನ, ಅದ್ರಲ್ಲಿ 6 ಹೆಂಗಸ್ರು, ಎಲ್ರೂ 18 ದಾಟಿದೋರು. ಗೀತಾ ಫೋಗಟ್ 2010ರ ಕಾಮನ್‌ವೆಲ್ತಲ್ಲಿ ಗೋಲ್ಡ್ ಹೊಡೆದಿದ್ದು ಚಿಕ್ಕಂದಿನಲ್ಲಿ ಹುಡುಗ್ರ ಜೊತೆ ಆಡಿ ಕಲ್ತೇ ಅಲ್ವಾ, ನಮ್ಮಲ್ಲಿ ಯಾಕಾಗಲ್ಲ ಅಂತ ಒಂದೇ ಹಟ ನಂಗೆ.

ಮೊದಲ್ನೇ ವರ್ಷ ಪೂರ್ತಿ ಸೋಲು. ಹುಡುಗ್ರು ಒಂದೋ ಮುಟ್ಟೋಕೇ ಹೆದರಿ ಸುಮ್ನೆ ಚಿತ್ ಆಗೋರು, ಇಲ್ಲಾ ಹೆಂಗಸಿಂದ ಒಂದು ಪಾಯಿಂಟ್ ಹೋಯ್ತು ಅಂದ ತಕ್ಷಣ ಸಿಟ್ಟಲ್ಲಿ ಎತ್ತಿ ಒಗೆಯೋರು. ಒಬ್ಳ ಭುಜ ಹೋಗಿ ಆಸ್ಪತ್ರೆಗೆ ಏಳೆಂಟು ಸಾವಿರ ನಾನೇ ಕಟ್ಟಿದೆ. ಅದಕ್ಕಿಂತ ದೊಡ್ಡ ಪೆಟ್ಟು ಅಂದ್ರೆ ಒಬ್ಬ ಪ್ರಾಕ್ಟೀಸ್ ವಿಡಿಯೋ ತೆಗೆದು ಯಾವ್ದೋ ವಾಟ್ಸಾಪ್ ಗ್ರೂಪಿಗೆ ಹಾಕ್ದ, ಮಾರನೇ ದಿನವೇ ಇಬ್ರು ಹೆಣ್ಮಕ್ಕಳು ಬಿಟ್ಟು ಹೋದ್ರು, ಅವ್ರ ಮನೇಗೆ ಮೂರು ಸಲ ಹೋಗಿ ಕೂತೆ, ಬರ್ಲಿಲ್ಲ. ಅವತ್ತಿಂದ ಬಾಗ್ಲಲ್ಲೇ ಒಂದು ಅಕ್ಕಿ ಡಬ್ಬಿ, ನಂದೂ ಸೇರಿ ಎಲ್ಲಾ ಫೋನೂ ಅದ್ರೊಳಗೆ.

ದಾರಿಗೆ ಬಂದಿದ್ದು ಎರಡನೇ ವರ್ಷ. ಜೋಡಿ ನಾನು ಹಾಕೋದು ನಿಲ್ಲಿಸಿದೆ, ಹೆಂಗಸ್ರೇ ಕರೀಬೇಕು, ಬೇಡ ಅಂದ್ರೆ ಕಾರಣ ಕೇಳೋ ಹಾಗಿಲ್ಲ. ಆಟ ಶುರು ಮಾಡೋ ಸಲಾಮಿಗೆ ಮುಂಚೆ "ಕಾಲು", "ಅರ್ಧ", "ಪೂರ್ತಿ" ಅಂತ ಅವ್ರೇ ಹೇಳ್ತಾರೆ, ಅಷ್ಟೇ ಬಲ. ಎರಡು ಸಲ ತಟ್ಟಿದ್ರೆ ಅಥವಾ "ಸಾಕು" ಅಂದ್ರೆ ಪಟ್ಟು ಎಷ್ಟೇ ಚೆನ್ನಾಗಿ ಕೂತಿರ್ಲಿ ಬಿಡ್ಬೇಕು. ತೂಕದಲ್ಲಿ ನಾಲ್ಕೈದು ಕೆಜಿ ಮೇಲೆ ವ್ಯತ್ಯಾಸ ಬೇಡ, ಅಡಿಕೆ ತೂಗೋ ಕಾಟಾ ಅಲ್ಲೇ ಇದೆಯಲ್ಲ. ಬಳೆ ಕಾಲುಂಗುರ ಉಗುರು ವಿಷ್ಯ ಹೇಳೋದೇ ಬೇಡ. ಹೊಸಬ್ರನ್ನ ಸೇರಿಸ್ಕೊಳ್ಳೋಕೆ ಮುಂಚೆ ನಾನು ಕೇಳೋದು ಎರಡೇ ಪ್ರಶ್ನೆ, ಆಡೋಕೆ ಬಂದಿದಾನೋ ನೋಡೋಕೆ ಬಂದಿದಾನೋ ಅಲ್ಲೇ ಗೊತ್ತಾಗತ್ತೆ, ಆ ಪ್ರಶ್ನೆ ಮಾತ್ರ ಇಲ್ಲಿ ಬರೆಯಲ್ಲ, ಬರೆದ್ರೆ ಉತ್ರ ಕಲ್ತು ಬರ್ತಾರೆ.

ದುಡ್ಡಿನ ವಿಷ್ಯ. ಜೋಡಿಸೋ ಫೋಮ್ ಮ್ಯಾಟ್ 40 ತುಂಡಿಗೆ ಸುಮಾರು 35 ಸಾವಿರ ಆಯ್ತು. ಅದಕ್ಕೂ ಮುಂಚೆ ಮರದ ಹೊಟ್ಟು ಹಾಸಿ ಮೇಲೆ ಟಾರ್ಪಾಲ್ ಬಿಗಿದು ನೋಡಿದ್ದೆ, ಮೂರು ಸಾವಿರದಲ್ಲಿ ಮುಗೀತು, ಆದ್ರೆ ಜುಲೈ ಮಳೇಲಿ ಹೊಟ್ಟು ತೇವ ಎಳೆದು ಬೂಸ್ಟು ಹಿಡೀತು. ಕೆಮ್ಮಣ್ಣಿಗೆ ಎಣ್ಣೆ ಅರಿಶಿನ ಮಜ್ಜಿಗೆ ಹಾಕಿ ಗರಡೀಲಿ ಇರೋ ಥರ ಮಣ್ಣಿನ ಮಟ್ಟಿನೂ ಮಾಡ್ದೆ, ನಮ್ಮ ಮಳೆಗೆ ಅದು ಒಣಗೋದೇ ಇಲ್ಲ. ಮೂರನೇ ವರ್ಷ ಹುಳುಕಡ್ಡಿ ಬಂದು ಐದು ಜನಕ್ಕೆ ಹಬ್ಬಿ ಒಂದು ತಿಂಗ್ಳು ಬಾಗ್ಲು ಹಾಕಿದ್ದೆ. ಈಗ ಆಟ ಮುಗಿದ ತಕ್ಷಣ ಬ್ಲೀಚಿಂಗ್ ಪೌಡರ್ ನೀರಲ್ಲಿ ಒರೆಸಿ ಮ್ಯಾಟ್ ನಿಲ್ಲಿಸಿ ಫ್ಯಾನ್ ಹಾಕ್ತೀವಿ, ಚರ್ಮದಲ್ಲಿ ಸಣ್ಣ ಕಲೆ ಇದ್ರೂ ಆಟ ಇಲ್ಲ.

ಹೋದ ತಿಂಗ್ಳು ಉಸ್ತಾದ್ರು ತಾವಾಗೇ ಬಂದು ಎರಡು ಗಂಟೆ ಕೂತಿದ್ರು. ಹೋಗೋವಾಗ ನಮ್ಮ 57 ಕೆಜಿ ಹುಡುಗಿಗೆ ಕಾಲು ಹಿಡಿಯೋ ಪಟ್ಟೊಂದು ತೋರಿಸ್ಕೊಟ್ಟು ಹೋದ್ರು. ಇನ್ನು ಅಡಿಕೆ ಗೊನೆ ಕೊಯ್ಲು ಬಂದ್ರೆ ಸುಲಿಯೋರಿಗೆ ಶೆಡ್ ಬೇಕು, ಅಷ್ಟರೊಳಗೆ ಆ 40 ತುಂಡು ಇಡೋಕೆ ಒಣ ಜಾಗ ಹುಡುಕ್ತಿದೀನಿ.