ಒತ್ತು ಎಲ್ಲಿ ಬೀಳಬೇಕು? ಇಂಗ್ಲಿಷ್ ವಾಕ್ಯದ ಪದಗಳನ್ನು ಹಿಂದುಮುಂದು ಮಾಡುವ ಬಗೆ

'ರವಿ ನಿನ್ನೆ ಈ ಪತ್ರವನ್ನು ಬರೆದ' ಎನ್ನಬಹುದು. 'ಈ ಪತ್ರವನ್ನು ರವಿ ನಿನ್ನೆ ಬರೆದ' ಎಂದರೂ ಸರಿ, 'ನಿನ್ನೆ ಈ ಪತ್ರವನ್ನು ಬರೆದವನು ರವಿ' ಎಂದರೂ ಸರಿ. ಕನ್ನಡದಲ್ಲಿ ಪದ ಎಲ್ಲಿ ಕುಳಿತರೂ ವಿಭಕ್ತಿ ಪ್ರತ್ಯಯ ಅದರ ಸಂಬಂಧವನ್ನು ಕಾಯುತ್ತದೆ. ಒತ್ತು ಬೇಕಾದಾಗ ಒಂದು 'ಏ' ಸೇರಿಸಿದರೆ ಸಾಕು: ರವಿಯೇ ಬರೆದ, ನಿನ್ನೆಯೇ ಬರೆದ, ಪತ್ರವನ್ನೇ ಬರೆದ. ನಮ್ಮ ವ್ಯಾಕರಣ ಇದನ್ನು ಅವಧಾರಣೆ ಎಂದು ಕರೆಯುತ್ತದೆ.

ಇಂಗ್ಲಿಷಿಗೆ ಈ ಸೌಲಭ್ಯವಿಲ್ಲ. ಯಾರು ಯಾರಿಗೆ ಏನು ಮಾಡಿದರು ಎಂಬುದನ್ನು ಅಲ್ಲಿ ತಿಳಿಸುವುದು ಬಹುಪಾಲು ಪದಗಳ ಸ್ಥಾನವೇ. 'ರವಿ ಕಾಲ್ಡ್ ಸುಮಾ' ಎಂಬುದನ್ನು 'ಸುಮಾ ಕಾಲ್ಡ್ ರವಿ' ಎಂದು ತಿರುಗಿಸಿದರೆ ಕರೆದವರೇ ಬದಲಾಗಿಬಿಡುತ್ತಾರೆ. ಸ್ಥಾನ ಇಷ್ಟು ಬಿಗಿಯಾಗಿರುವುದರಿಂದಲೇ, ಆ ಕ್ರಮವನ್ನು ಬೇಕೆಂದೇ ಮುರಿದಾಗ ಓದುಗರ ಗಮನ ತಟ್ಟನೆ ಅಲ್ಲಿ ನಿಲ್ಲುತ್ತದೆ. ಆದರೆ ಮುರಿಯುವುದಕ್ಕೂ ಒಂದು ಕ್ರಮವಿದೆ. ಶಾಲೆಯಲ್ಲಿ ಅದನ್ನು ಬಿಡಿಬಿಡಿ ಸೂತ್ರಗಳಾಗಿ ಬಾಯಿಪಾಠ ಮಾಡಿಸುವುದರಿಂದ, ಎಲ್ಲಕ್ಕೂ ಬೇರು ಒಂದೇ ಎಂಬುದು ಎಷ್ಟೋ ಮಂದಿಗೆ ಕಾಣದೇ ಹೋಗುತ್ತದೆ.

ಮೊದಲು 'ಓನ್ಲಿ'ಯನ್ನು ಕೆಳಗಿಡಿ

ಕನ್ನಡ ಮಾತಾಡುವವರ ಇಂಗ್ಲಿಷಿನಲ್ಲಿ 'ಏ'ಕಾರದ ಜಾಗಕ್ಕೆ 'ಓನ್ಲಿ', 'ಇಟ್‌ಸೆಲ್ಫ್' ಬಂದು ಕೂರುತ್ತವೆ. 'ಅವನೇ ನನಗೆ ಹೇಳಿದ' ಎನ್ನುವ ಬದಲು 'ಹಿ ಓನ್ಲಿ ಟೋಲ್ಡ್ ಮಿ', 'ಇವತ್ತೇ ಬಾ' ಎನ್ನುವ ಬದಲು 'ಕಮ್ ಟುಡೇ ಇಟ್‌ಸೆಲ್ಫ್'. ನಮ್ಮ ನಡುವೆ ಇದು ಅರ್ಥವಾಗುತ್ತದೆ. ಹೊರಗಿನವರಿಗೆ ಮೊದಲ ವಾಕ್ಯ 'ಅವನು ಬರಿದೇ ಹೇಳಿದ, ಮತ್ತೇನೂ ಮಾಡಲಿಲ್ಲ' ಎಂದು ಕೇಳಿಸಬಹುದು. ಹೇಳಬೇಕಾದದ್ದು ಒಂದು, ತಲುಪುವುದು ಇನ್ನೊಂದು.

ಇದಕ್ಕೆ ಇಂಗ್ಲಿಷಿನಲ್ಲಿ ತಕ್ಕ ಅಚ್ಚೊಂದಿದೆ. 'ಇಟ್ ವಾಸ್' ಎಂದು ಆರಂಭಿಸಿ, ಒತ್ತು ಬೇಕಾದ ಪದವನ್ನು ಅದರ ಪಕ್ಕದಲ್ಲಿಟ್ಟು, ಉಳಿದದ್ದನ್ನು 'ಹೂ' ಅಥವಾ 'ದಟ್' ಮೂಲಕ ಜೋಡಿಸಬೇಕು. 'ರವಿ ರೋಟ್ ದ ಲೆಟರ್ ಯೆಸ್ಟರ್‌ಡೇ' ಎಂಬ ವಾಕ್ಯ ತೆಗೆದುಕೊಳ್ಳಿ. ರವಿಯೇ ಬರೆದ ಎನ್ನಲು 'ಇಟ್ ವಾಸ್ ರವಿ ಹೂ ರೋಟ್ ದ ಲೆಟರ್'. ನಿನ್ನೆಯೇ ಎನ್ನಲು 'ಇಟ್ ವಾಸ್ ಯೆಸ್ಟರ್‌ಡೇ ದಟ್ ರವಿ ರೋಟ್ ದ ಲೆಟರ್'. ಪತ್ರವನ್ನೇ ಎನ್ನಲು 'ಇಟ್ ವಾಸ್ ದ ಲೆಟರ್ ದಟ್ ರವಿ ರೋಟ್'. ಇದೇ ಜಾತಿಯ ಇನ್ನೊಂದು ರಚನೆ 'ವಾಟ್'ನಿಂದ ಶುರುವಾಗುತ್ತದೆ: 'ವಾಟ್ ಐ ನೀಡ್ ಈಸ್ ರೆಸ್ಟ್'. 'ನನಗೆ ಬೇಕಾಗಿರುವುದು ವಿಶ್ರಾಂತಿ' ಎಂದು ನಾವು ದಿನವೂ ಆಡುವ ವಾಕ್ಯದ ಮೈಕಟ್ಟೇ ಇದು, ಹಾಗಾಗಿ ಕನ್ನಡಿಗರಿಗೆ ಇದು ಬೇಗ ಒಗ್ಗುತ್ತದೆ. ಈ ಎರಡನ್ನು ಕಲಿತರೆ 'ಏ'ಕಾರದ ಹೆಚ್ಚಿನ ಕೆಲಸ ಮುಗಿದಂತೆ.

'ಡು' ಎಂಬ ಊರುಗೋಲು

ಎದುರಿಗಿರುವವರು 'ನಿನಗೆ ಇಷ್ಟವಿಲ್ಲ' ಎಂದಾಗ 'ಇಲ್ಲ, ನನಗೆ ಖಂಡಿತ ಇಷ್ಟ' ಎನ್ನಬೇಕು. ಆಗ 'ಐ ಲೈಕ್ ಇಟ್' ಸಪ್ಪೆ, 'ಐ ಡು ಲೈಕ್ ಇಟ್' ಗಟ್ಟಿ. ಮಾತಿನಲ್ಲಿ 'ಡು' ಮೇಲೆ ದನಿ ಏರಬೇಕು. ಕರ್ತೃ 'ಹಿ', 'ಶಿ' ಆದರೆ 'ಡಸ್', ಭೂತಕಾಲವಾದರೆ 'ಡಿಡ್'. ಇವು ಬಂದ ಮೇಲೆ ಮುಖ್ಯ ಕ್ರಿಯಾಪದ ಮೂಲರೂಪಕ್ಕೆ ಮರಳಬೇಕು: 'ಶಿ ಡಸ್ ನೋ' ಸರಿ, 'ಶಿ ಡಸ್ ನೋಸ್' ತಪ್ಪು, 'ಐ ಡಿಡ್ ಲಾಕ್ ದ ಡೋರ್' ಸರಿ, 'ಐ ಡಿಡ್ ಲಾಕ್ಡ್' ತಪ್ಪು. ವಾಕ್ಯದಲ್ಲಿ ಆಗಲೇ 'ಹ್ಯಾವ್', 'ಕ್ಯಾನ್', 'ಈಸ್' ಸಹಾಯಕ ಕ್ರಿಯಾಪದವಾಗಿ, ಅಂದರೆ ಮುಖ್ಯ ಕ್ರಿಯಾಪದಕ್ಕೆ ನೆರವಾಗುವ ಪದವಾಗಿ, ಇದ್ದರೆ 'ಡು' ಬೇಡ; ಆ ಪದವನ್ನೇ ಒತ್ತಿ ಹೇಳಿದರೆ ಆಯಿತು. ಒಂದು ವಿನಾಯಿತಿ ಎಂದರೆ ಆಜ್ಞಾರ್ಥಕ. 'ಡು ಬಿ ಕೇರ್‌ಫುಲ್' ಎಂದು ಅಕ್ಕರೆಯಿಂದ ಎಚ್ಚರಿಸಬಹುದು.

ಈ 'ಡು' ಮುಂದಿನ ಹಂತಕ್ಕೆ ಕೀಲಿಕೈ. ಅದು ಕೈಗೆ ಬರದೆ ಮುಂದೆ ಹೋಗಬೇಡಿ.

ನಿಷೇಧ ಮುಂದೆ ಬಂದರೆ ಸಹಾಯಕ ಕ್ರಿಯಾಪದವೂ ಮುಂದೆ

ವಿಷಯದ ತಿರುಳು ಇಲ್ಲಿದೆ. 'ಐ ಹ್ಯಾವ್ ನೆವರ್ ಸೀನ್ ಸಚ್ ಎ ಕ್ರೌಡ್' ಸಾಮಾನ್ಯ ವಾಕ್ಯ. 'ನೆವರ್' ಅನ್ನು ಮುಂದಕ್ಕೆ ತನ್ನಿ. 'ನೆವರ್ ಐ ಹ್ಯಾವ್ ಸೀನ್' ಎಂದು ನಿಲ್ಲಿಸಿದರೆ ತಪ್ಪು. 'ನೆವರ್ ಹ್ಯಾವ್ ಐ ಸೀನ್ ಸಚ್ ಎ ಕ್ರೌಡ್' ಆಗಬೇಕು. ಅಂದರೆ ಪ್ರಶ್ನೆ ಕೇಳುವಾಗಿನ ಪದಕ್ರಮವೇ ಇಲ್ಲಿಯೂ ಬರುತ್ತದೆ, ಪ್ರಶ್ನಾರ್ಥಕ ಚಿಹ್ನೆ ಮಾತ್ರ ಇರುವುದಿಲ್ಲ.

ಇದನ್ನು ಮೂರು ಹೆಜ್ಜೆಯಲ್ಲಿ ಮಾಡಿ. ನಿಷೇಧದ ಪದವನ್ನು ಎತ್ತಿ ಮುಂದಿಡಿ. ಉಳಿದ ವಾಕ್ಯವನ್ನು 'ಹೌದು, ಇಲ್ಲ' ಎಂದು ಉತ್ತರಿಸಬಹುದಾದ ಪ್ರಶ್ನೆ ಮಾಡಿ: 'ಹ್ಯಾವ್ ಐ ಸೀನ್ ಸಚ್ ಎ ಕ್ರೌಡ್'. ಎರಡನ್ನೂ ಜೋಡಿಸಿ. ವಾಕ್ಯದಲ್ಲಿ ಸಹಾಯಕ ಕ್ರಿಯಾಪದವೇ ಇಲ್ಲದಿದ್ದರೆ, ಪ್ರಶ್ನೆ ಮಾಡುವಾಗ 'ಡು, ಡಸ್, ಡಿಡ್' ತಾವಾಗಿಯೇ ಬರುತ್ತವೆ. 'ಹಿ ರೇರ್ಲಿ ಸ್ಪೀಕ್ಸ್ ಇನ್ ಪಬ್ಲಿಕ್' ಎಂಬುದು 'ರೇರ್ಲಿ ಡಸ್ ಹಿ ಸ್ಪೀಕ್ ಇನ್ ಪಬ್ಲಿಕ್' ಆಗುತ್ತದೆ. 'ಸೆಲ್ಡಮ್', 'ಹಾರ್ಡ್ಲಿ', 'ಸ್ಕೇರ್ಸ್ಲಿ', 'ಲಿಟಲ್', 'ಅಂಡರ್ ನೋ ಸರ್ಕಮ್‌ಸ್ಟನ್ಸಸ್', 'ಆನ್ ನೋ ಅಕೌಂಟ್', 'ನಾಟ್ ಓನ್ಲಿ' ಇವೆಲ್ಲಕ್ಕೂ ಇದೇ ಹಾದಿ. 'ಲಿಟಲ್ ಡಿಡ್ ಶಿ ನೋ' ಎಂದರೆ ಅವಳಿಗೆ ಸ್ವಲ್ಪ ಗೊತ್ತಿತ್ತು ಎಂದಲ್ಲ, ಏನೇನೂ ಗೊತ್ತಿರಲಿಲ್ಲ ಎಂದು.

ಪರೀಕ್ಷೆಗಳಲ್ಲಿ ತಪ್ಪದೆ ಕಾಣಿಸಿಕೊಳ್ಳುವ 'ನೋ ಸೂನರ್' ಕೂಡ ಇದೇ ಬಳಗದ್ದು. 'ನೋ ಸೂನರ್ ಹ್ಯಾಡ್ ದ ಬೆಲ್ ರಂಗ್ ದ್ಯಾನ್ ದ ಚಿಲ್ಡ್ರನ್ ರ್‍ಯಾನ್ ಔಟ್' ಎಂಬುದರಲ್ಲಿ 'ಹ್ಯಾಡ್' ಕರ್ತೃವಿಗಿಂತ ಮುಂದೆ ಬಂದಿದೆ. ಮುಂದಿನ ಭಾಗವನ್ನು ಜೋಡಿಸುವುದು 'ದ್ಯಾನ್', ಏಕೆಂದರೆ 'ಸೂನರ್' ತುಲನೆಯ ಪದ. 'ಹಾರ್ಡ್ಲಿ', 'ಸ್ಕೇರ್ಸ್ಲಿ' ತುಲನೆಯವಲ್ಲ, ಆದ್ದರಿಂದ ಅವುಗಳ ಜೊತೆ 'ವೆನ್' ಬರುತ್ತದೆ. ಕಾರಣ ತಿಳಿದರೆ ಈ ಜೋಡಿಗಳನ್ನು ಉರು ಹೊಡೆಯುವ ಅಗತ್ಯವೇ ಇಲ್ಲ.

ಇನ್ನೊಂದು ಜೋಡಿಯನ್ನು ನೋಡಿ. 'ಅಟ್ ನೋ ಟೈಮ್ ಡಿಡ್ ವಿ ಫೀಲ್ ಅನ್‌ಸೇಫ್' ಎಂಬಲ್ಲಿ ಪದಕ್ರಮ ತಿರುಗಿದೆ. 'ಇನ್ ನೋ ಟೈಮ್ ವಿ ರೀಚ್ಡ್ ದ ಸ್ಟೇಷನ್' ಎಂಬಲ್ಲಿ ತಿರುಗಿಲ್ಲ. ಎರಡರಲ್ಲೂ 'ನೋ ಟೈಮ್' ಇದೆಯಲ್ಲ! ಮೊದಲ ವಾಕ್ಯದ ಅರ್ಥ 'ಯಾವ ಹೊತ್ತಿನಲ್ಲೂ ಅಪಾಯ ಎನಿಸಲಿಲ್ಲ'. ಇಡೀ ವಾಕ್ಯ ನಿಷೇಧ. ಎರಡನೆಯದರ ಅರ್ಥ 'ಕ್ಷಣಾರ್ಧದಲ್ಲಿ ನಿಲ್ದಾಣ ತಲುಪಿದೆವು', ತಲುಪಿದ್ದಂತೂ ನಿಜ. ಮುಂದೆ ಬಂದ ಪದ ವಾಕ್ಯದ ಕ್ರಿಯೆಯನ್ನೇ ಅಲ್ಲಗಳೆದರೆ ಮಾತ್ರ ಸಹಾಯಕ ಕ್ರಿಯಾಪದ ಮುಂದೆ ಬರುತ್ತದೆ. ನನ್ನ ಮಟ್ಟಿಗೆ ಇಡೀ ಅಧ್ಯಾಯದಲ್ಲಿ ಇದಕ್ಕಿಂತ ಉಪಯುಕ್ತವಾದ ಪರೀಕ್ಷೆ ಬೇರೆ ಇಲ್ಲ. ನಿಷೇಧದ ಪದವೇ ಕರ್ತೃವಾಗಿದ್ದಾಗಲೂ ಏನನ್ನೂ ತಿರುಗಿಸಬೇಕಿಲ್ಲ: 'ನೋಬಡಿ ಕೇಮ್', ಅಷ್ಟೇ.

ಒಂದು ವಾಕ್ಯವನ್ನು ಬಿಚ್ಚಿ ನೋಡೋಣ

1940ರ ಆಗಸ್ಟ್ 20ರಂದು ಬ್ರಿಟನ್ನಿನ ಪ್ರಧಾನಿ ವಿನ್‌ಸ್ಟನ್ ಚರ್ಚಿಲ್ ಹೌಸ್ ಆಫ್ ಕಾಮನ್ಸ್‌ನಲ್ಲಿ ತಮ್ಮ ದೇಶದ ವಾಯುಪಡೆಯ ಯೋಧರ ಬಗ್ಗೆ ಆಡಿದ ಮಾತಿದು: 'ನೆವರ್ ಇನ್ ದ ಫೀಲ್ಡ್ ಆಫ್ ಹ್ಯೂಮನ್ ಕಾನ್‌ಫ್ಲಿಕ್ಟ್ ವಾಸ್ ಸೋ ಮಚ್ ಓಡ್ ಬೈ ಸೋ ಮೆನಿ ಟು ಸೋ ಫ್ಯೂ'. ಮನುಷ್ಯರ ಹೋರಾಟದ ಇತಿಹಾಸದಲ್ಲಿ ಇಷ್ಟೊಂದು ಜನ ಇಷ್ಟು ಕೆಲವರಿಗೆ ಇಷ್ಟೊಂದು ಋಣಿಯಾದದ್ದೇ ಇಲ್ಲ ಎಂಬುದು ತಾತ್ಪರ್ಯ.

ಕರ್ತೃ 'ಸೋ ಮಚ್', ಸಹಾಯಕ ಕ್ರಿಯಾಪದ 'ವಾಸ್'. ನೇರ ಕ್ರಮದಲ್ಲಿ ಇದು 'ಸೋ ಮಚ್ ವಾಸ್ ನೆವರ್ ಓಡ್ ಬೈ ಸೋ ಮೆನಿ ಟು ಸೋ ಫ್ಯೂ ಇನ್ ದ ಫೀಲ್ಡ್ ಆಫ್ ಹ್ಯೂಮನ್ ಕಾನ್‌ಫ್ಲಿಕ್ಟ್' ಎಂದಾಗುತ್ತದೆ. ವ್ಯಾಕರಣದಲ್ಲಿ ಒಂದೂ ತಪ್ಪಿಲ್ಲ, ಆದರೆ ಜೀವವಿಲ್ಲ. ನೇರ ಕ್ರಮದಲ್ಲಿ ವಾಕ್ಯ 'ಕಾನ್‌ಫ್ಲಿಕ್ಟ್' ಎಂಬ ಪದದ ಮೇಲೆ ಮುಗಿಯುತ್ತದೆ. ತಿರುಗಿಸಿದ ಕ್ರಮದಲ್ಲಿ 'ಸೋ ಫ್ಯೂ' ಮೇಲೆ. ಭಾಷಣದ ಆ ಮಾತು ಇರುವುದೇ ಆ ಕೆಲವರಿಗಾಗಿ. ಇಂಗ್ಲಿಷ್ ವಾಕ್ಯದಲ್ಲಿ ಹೆಚ್ಚು ತೂಕವಿರುವುದು ಕೊನೆಗೆ. ಮುಂದಕ್ಕೆ ಏನನ್ನು ತಂದೆವು ಎಂಬುದರಷ್ಟೇ ಮುಖ್ಯವಾದದ್ದು, ಅದರಿಂದ ಕೊನೆಯಲ್ಲಿ ಯಾವುದು ಉಳಿಯಿತು ಎಂಬುದು. ಬರೆಯುವವರು ಇದನ್ನು ಮರೆತು ಬರೀ ಗಾಂಭೀರ್ಯಕ್ಕಾಗಿ ಪದಗಳನ್ನು ತಿರುಗಿಸಿದಾಗ ವಾಕ್ಯ ಹುಸಿಯಾಗಿ ಕೇಳಿಸುತ್ತದೆ.

'ಓನ್ಲಿ' ಮರಳಿ ಬರುವ ಜಾಗ

ಮೊದಲು ಕೆಳಗಿಟ್ಟ 'ಓನ್ಲಿ'ಗೆ ತಕ್ಕ ಸ್ಥಳ ಇಲ್ಲಿದೆ. 'ಓನ್ಲಿ ಆಫ್ಟರ್', 'ಓನ್ಲಿ ವೆನ್', 'ಓನ್ಲಿ ಬೈ' ಎಂದು ವಾಕ್ಯ ಆರಂಭವಾದರೆ, ನಿಷೇಧದಂತೆಯೇ ಇಲ್ಲೂ ಸಹಾಯಕ ಕ್ರಿಯಾಪದ ಮುಂದೆ ಬರುತ್ತದೆ. ಒಂದು ಎಚ್ಚರಿಕೆ ಬೇಕು: ತಿರುಗುವುದು ಮುಖ್ಯ ವಾಕ್ಯವೇ ಹೊರತು 'ಓನ್ಲಿ'ಯ ಬೆನ್ನಿಗಿರುವ ಉಪವಾಕ್ಯವಲ್ಲ. 'ಓನ್ಲಿ ಆಫ್ಟರ್ ಹಿ ಲೆಫ್ಟ್ ಡಿಡ್ ಐ ಅಂಡರ್‌ಸ್ಟ್ಯಾಂಡ್' ಸರಿ. 'ಓನ್ಲಿ ಆಫ್ಟರ್ ಡಿಡ್ ಹಿ ಲೀವ್ ಐ ಅಂಡರ್‌ಸ್ಟುಡ್' ತಪ್ಪು. 'ನಾಟ್ ಅಂಟಿಲ್' ಕೂಡ ಹೀಗೆಯೇ. 'ಓನ್ಲಿ ರವಿ ನೋಸ್' ಎಂಬಲ್ಲಿ ಅದು ಕರ್ತೃವಿಗೇ ಅಂಟಿರುವುದರಿಂದ ಏನೂ ತಿರುಗುವುದಿಲ್ಲ.

ಕ್ರಿಯಾಪದವೇ ಇಡಿಯಾಗಿ ಮುಂದೆ ಬರುವಾಗ

'ಆನ್ ದ ಹಿಲ್ ಸ್ಟುಡ್ ಎನ್ ಓಲ್ಡ್ ಟವರ್'. ಇಲ್ಲಿ 'ಡಿಡ್' ಇಲ್ಲ. ಕ್ರಿಯಾಪದವೇ ಕರ್ತೃವನ್ನು ದಾಟಿ ಬಂದಿದೆ. ಸ್ಥಳ ಅಥವಾ ದಿಕ್ಕನ್ನು ಹೇಳುವ ಪದ ಮುಂದಿದ್ದು, ಕ್ರಿಯಾಪದ ನಿಲ್ಲು, ಕೂರು, ಬಾ, ಹೋಗು, ಮಲಗು ಎಂಬಂಥ ಅಕರ್ಮಕವಾಗಿದ್ದಾಗ ಹೀಗಾಗುತ್ತದೆ. ಹಳೆಯ ಇಂಗ್ಲಿಷಿನಲ್ಲಿ, ಮೊದಲು ಏನೇ ಬಂದರೂ ಎರಡನೆಯ ಸ್ಥಾನದಲ್ಲಿ ಕ್ರಿಯಾಪದ ಬರುವ ಪದ್ಧತಿ ವ್ಯಾಪಕವಾಗಿತ್ತು. ಜರ್ಮನ್ ಮತ್ತು ಡಚ್ ಭಾಷೆಗಳಲ್ಲಿ ಆ ನಿಯಮ ಇಂದಿಗೂ ಇದೆ. ಇಂಗ್ಲಿಷಿನಲ್ಲಿ ಉಳಿದಿರುವುದು ಅದರ ತುಣುಕುಗಳು ಮಾತ್ರ. ನಿಷೇಧದ ವಾಕ್ಯಗಳ ಪದಕ್ರಮವೂ ಅಂಥದೇ ಒಂದು ತುಣುಕು.

ಕರ್ತೃ ಸರ್ವನಾಮವಾದರೆ ಇಲ್ಲಿ ತಿರುಗಿಸುವಂತಿಲ್ಲ. 'ಹಿಯರ್ ಕಮ್ಸ್ ದ ಬಸ್' ಸರಿ. ಆದರೆ 'ಹಿಯರ್ ಕಮ್ಸ್ ಇಟ್' ಅಲ್ಲ, 'ಹಿಯರ್ ಇಟ್ ಕಮ್ಸ್'. ಕಾರಣ ಮೇಲೆ ಹೇಳಿದ ತೂಕವೇ. 'ಇಟ್' ಎಂದಾಗ ಅದು ಯಾವುದೆಂದು ಕೇಳುಗರಿಗೆ ಆಗಲೇ ಗೊತ್ತು. ಗೊತ್ತಿರುವ ಹಗುರ ಪದವನ್ನು ವಾಕ್ಯದ ಕೊನೆಯಲ್ಲಿ ಇಡುವುದರಿಂದ ಪ್ರಯೋಜನವಿಲ್ಲ.

'ಇಫ್' ಬಿಟ್ಟು ಷರತ್ತು ಹೇಳುವುದು

'ಇಫ್ ಐ ಹ್ಯಾಡ್ ನೋನ್' ಎಂಬುದನ್ನು 'ಹ್ಯಾಡ್ ಐ ನೋನ್' ಎನ್ನಬಹುದು. 'ಇಫ್ ಐ ವರ್' ಎಂಬುದು 'ವರ್ ಐ' ಆಗುತ್ತದೆ. 'ಶುಡ್ ಯು ನೀಡ್ ಹೆಲ್ಪ್' ಎಂಬುದು ಕಚೇರಿ ಪತ್ರಗಳಲ್ಲಿ ವಿನಯದ ಮಾತಾಗಿ ಚೆನ್ನಾಗಿ ಒಪ್ಪುತ್ತದೆ. ಇಂತಹ ವಾಕ್ಯದಲ್ಲಿ 'ನಾಟ್' ಬೇಕಾದರೆ ಅದನ್ನು ಬಿಡಿಸಿಯೇ ಬರೆಯಬೇಕು: 'ಹ್ಯಾಡ್ ಐ ನಾಟ್ ನೋನ್'. 'ಹ್ಯಾಡಂಟ್ ಐ ನೋನ್' ಸಲ್ಲದು.

ತಿರುಗಿಸಲೇಬಾರದ ಒಂದು ಜಾಗ

ಪ್ರಶ್ನೆಯೊಂದು ಇನ್ನೊಂದು ವಾಕ್ಯದ ಹೊಟ್ಟೆಯೊಳಗೆ ಸೇರಿಕೊಂಡಾಗ ಪದಕ್ರಮ ನೇರವಾಗಬೇಕು. 'ಐ ಡೋಂಟ್ ನೋ ವೇರ್ ಈಸ್ ಹಿ' ತಪ್ಪು, 'ವೇರ್ ಹಿ ಈಸ್' ಸರಿ. 'ಟೆಲ್ ಮಿ ವಾಟ್ ಡಿಡ್ ಹಿ ಸೇ' ತಪ್ಪು, 'ವಾಟ್ ಹಿ ಸೆಡ್' ಸರಿ. ನಿಷೇಧದ ವಾಕ್ಯಗಳಲ್ಲಿ ತಿರುಗಿಸಲು ಮರೆಯುವವರೇ ಇಲ್ಲಿ ಬೇಡದೆ ತಿರುಗಿಸುತ್ತಾರೆ. ಕೆಲಸದ ಅರ್ಜಿಯಲ್ಲಿ, ಸಂದರ್ಶನದಲ್ಲಿ ಇದು ಬೇಗ ಕಣ್ಣಿಗೆ ಬೀಳುತ್ತದೆ.

ಎಷ್ಟು ಬಳಸಬೇಕು?

'ಡು' ಮತ್ತು 'ಇಟ್ ವಾಸ್' ರಚನೆಗಳು ಮಾತಿಗೂ ಬರಹಕ್ಕೂ ಹೊಂದುತ್ತವೆ, ಸಂಕೋಚವಿಲ್ಲದೆ ಬಳಸಿ. 'ನೆವರ್ ಹ್ಯಾವ್ ಐ', 'ರೇರ್ಲಿ ಡಸ್ ಹಿ' ಭಾಷಣ, ಪ್ರಬಂಧ, ಕಥೆಗಳ ಧಾಟಿಯವು. ಸ್ನೇಹಿತರೊಂದಿಗಿನ ಹರಟೆಯಲ್ಲಿ ಅವು ಬಿಗಿಯಾಗಿ ಕೇಳಿಸುತ್ತವೆ. ಪ್ರಬಂಧದಲ್ಲಿ ಕೂಡ ಪುಟಕ್ಕೆ ಒಂದು ಸಾಕು ಎಂಬುದು ನನ್ನ ಅಭಿಪ್ರಾಯ. ಸಾಲುಸಾಲಿಗೂ ಒತ್ತು ಕೊಟ್ಟರೆ ಯಾವ ಸಾಲಿಗೂ ಒತ್ತು ಉಳಿಯುವುದಿಲ್ಲ. ಬರೆದು ಮುಗಿಸಿದ ಮೇಲೆ ತಿರುಗಿಸಿದ ವಾಕ್ಯವನ್ನೂ ನೇರ ವಾಕ್ಯವನ್ನೂ ಗಟ್ಟಿಯಾಗಿ ಓದಿ, ಕೊನೆಯ ಪದ ಯಾವುದರಲ್ಲಿ ಸರಿಯಾಗಿ ಕೂತಿದೆ ಎಂದು ಕೇಳಿಸಿಕೊಳ್ಳಿ.

ಈಗ ಮೂರು ವಾಕ್ಯಗಳನ್ನು ನೀವೇ ತಿರುಗಿಸಿ ನೋಡಿ. 'ಹಿ ಹ್ಯಾಸ್ ನೆವರ್ ಮಿಸ್ಡ್ ಎ ಕ್ಲಾಸ್', 'ಐ ರಿಯಲೈಸ್ಡ್ ದ ಡೇಂಜರ್ ಓನ್ಲಿ ವೆನ್ ಐ ಸಾ ದ ಸ್ಮೋಕ್', 'ಎನ್ ಓಲ್ಡ್ ಮ್ಯಾನ್ ಸ್ಯಾಟ್ ಅಂಡರ್ ದ ಟ್ರೀ'. ಕ್ರಮವಾಗಿ ಬರಬೇಕಾದದ್ದು: 'ನೆವರ್ ಹ್ಯಾಸ್ ಹಿ ಮಿಸ್ಡ್ ಎ ಕ್ಲಾಸ್', 'ಓನ್ಲಿ ವೆನ್ ಐ ಸಾ ದ ಸ್ಮೋಕ್ ಡಿಡ್ ಐ ರಿಯಲೈಸ್ ದ ಡೇಂಜರ್', 'ಅಂಡರ್ ದ ಟ್ರೀ ಸ್ಯಾಟ್ ಎನ್ ಓಲ್ಡ್ ಮ್ಯಾನ್'. ಎರಡನೆಯದರಲ್ಲಿ 'ರಿಯಲೈಸ್ಡ್' ಎಂದೇ ಉಳಿಸಿದ್ದರೆ 'ಡು' ಭಾಗವನ್ನು ಇನ್ನೊಮ್ಮೆ ಓದಿ. ಮೂರನೆಯದರಲ್ಲಿ 'ಡಿಡ್' ಸೇರಿಸಿದ್ದರೆ, ಗೋಪುರದ ಉದಾಹರಣೆಯನ್ನು ಪಕ್ಕದಲ್ಲಿಟ್ಟುಕೊಂಡು ಮತ್ತೆ ಬರೆಯಿರಿ.