ದಾಖಲಾತಿ ರಿಜಿಸ್ಟರಿನಿಂದ ಬರೆದ ಶಾಲೆಯ ಚರಿತ್ರೆ

ಬೆಂಗಳೂರಿನ ದಂಡು ಪ್ರದೇಶದಲ್ಲಿ ಹತ್ತೊಂಬತ್ತನೆಯ ಶತಮಾನದ ಕೊನೆಯ ಭಾಗದಲ್ಲಿ ಆರಂಭವಾದ ಒಂದು ಕ್ಯಾಥೊಲಿಕ್ ಗಂಡುಮಕ್ಕಳ ಪ್ರೌಢಶಾಲೆಯಲ್ಲಿ ನಾನು ಸಮಾಜ ವಿಜ್ಞಾನದ ಉಪಾಧ್ಯಾಯನಾಗಿದ್ದೆ. ನಿವೃತ್ತನಾದ ಮೇಲೆ ಅದರ ಚರಿತ್ರೆಯನ್ನು ಬರೆಯುವ ಕೆಲಸ ನನ್ನ ಪಾಲಿಗೆ ಬಂತು. ರಿಜಿಸ್ಟರುಗಳಲ್ಲಿರುವ ಮನೆತನಗಳ ಮೊಮ್ಮಕ್ಕಳು ಇನ್ನೂ ಅದೇ ಬೀದಿಗಳಲ್ಲಿ ವಾಸವಾಗಿರುವುದರಿಂದ ಶಾಲೆಯ ಹೆಸರನ್ನು ಇಲ್ಲಿ ಹೇಳುವುದಿಲ್ಲ. ಆಡಳಿತ ಮಂಡಳಿಯವರು ಬಯಸಿದ್ದು ವಾಡಿಕೆಯ ಪುಸ್ತಕವನ್ನು: ಮುಖ್ಯೋಪಾಧ್ಯಾಯರಾಗಿದ್ದ ಫಾದರುಗಳ ಭಾವಚಿತ್ರಗಳು, ಕಟ್ಟಡಗಳ ಶಂಕುಸ್ಥಾಪನೆಯ ವಿವರಗಳು, ಹೆಸರು ಮಾಡಿದ ಹಳೆಯ ವಿದ್ಯಾರ್ಥಿಗಳ ಪಟ್ಟಿ. ನನಗೆ ಬೇಕಾಗಿದ್ದದ್ದು ಈ ಶಾಲೆಗೆ ಯಾರ ಮಕ್ಕಳು ಬಂದರು, ಯಾರ ಮಕ್ಕಳು ಬರಲಿಲ್ಲ, ಬಂದವರಲ್ಲಿ ನಡುವೆಯೇ ಬಿಟ್ಟವರು ಏಕೆ ಬಿಟ್ಟರು ಎಂಬ ಉತ್ತರ.

ಮೊದಲು ಕೈಗೆ ಸಿಗುವುದು ಸ್ಮರಣ ಸಂಚಿಕೆಗಳು. ಬೆಳ್ಳಿಹಬ್ಬದ ಸಂಚಿಕೆಯ ಮಾತನ್ನು ಸುವರ್ಣ ಮಹೋತ್ಸವದ ಸಂಚಿಕೆ ನಕಲು ಮಾಡಿರುತ್ತದೆ, ಅದನ್ನು ವಜ್ರ ಮಹೋತ್ಸವದ ಸಂಚಿಕೆ ಇನ್ನಷ್ಟು ಹೊಗಳಿಕೆ ಸೇರಿಸಿ ಮರುಮುದ್ರಿಸಿರುತ್ತದೆ. ಹಾಗೆಂದು ನಾನು ಅವನ್ನು ಬದಿಗಿಡಲಿಲ್ಲ. ಆಯಾ ವರ್ಷದಲ್ಲಿ ಶಾಲೆ ತನ್ನನ್ನು ಯಾರೆಂದು ತೋರಿಸಿಕೊಳ್ಳಲು ಇಷ್ಟಪಟ್ಟಿತ್ತು ಎಂಬುದಕ್ಕೆ ಅವು ಒಳ್ಳೆಯ ಸಾಕ್ಷಿ. ಘಟನೆಗೆ ಮಾತ್ರ ಸಾಕ್ಷಿಯಲ್ಲ.

ಕಾಗದಪತ್ರಗಳು ಎಲ್ಲಿವೆ ಎಂದು ಹುಡುಕುವ ಮೊದಲು, ಆ ಜಾಗವನ್ನು ಯಾರು ಆಳುತ್ತಿದ್ದರು ಎಂದು ತಿಳಿದುಕೊಳ್ಳಬೇಕು. 1881ರಲ್ಲಿ ಮೈಸೂರು ಸಂಸ್ಥಾನವನ್ನು ಒಡೆಯರಿಗೆ ಮರಳಿಸಿದಾಗ ದಂಡು ಪ್ರದೇಶ ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ ಎಂಬ ಹೆಸರಿನಲ್ಲಿ ಬ್ರಿಟಿಷ್ ಸರ್ಕಾರದ ಪ್ರತಿನಿಧಿಯಾದ ರೆಸಿಡೆಂಟರ ಕೈಯಲ್ಲೇ ಉಳಿಯಿತು. ಅದು ಸಂಸ್ಥಾನಕ್ಕೆ ಮರಳಿದ್ದು 1947ರಲ್ಲಿ. ಹೀಗಾಗಿ ಪೇಟೆಯ ಶಾಲೆಯೊಂದರ ಅನುದಾನದ ಕಡತವನ್ನು ಸಂಸ್ಥಾನದ ವಿದ್ಯಾ ಇಲಾಖೆಯ ದಾಖಲೆಗಳಲ್ಲಿ ಹುಡುಕಬೇಕಾದರೆ, ಅಲ್ಲಿಂದ ಒಂದೆರಡು ಮೈಲಿ ದೂರದ ದಂಡಿನ ಶಾಲೆಯ ಕಡತವನ್ನು ರೆಸಿಡೆನ್ಸಿಯ ದಾಖಲೆಗಳಲ್ಲಿ ಹುಡುಕಬೇಕಾಗುತ್ತದೆ. ಚರ್ಚಿನ ಕಡೆಯ ದಾಖಲೆಗಳಿಗೂ ಇಂಥದ್ದೇ ಗಡಿಗಳಿವೆ. 1886ರಲ್ಲಿ ಸ್ಥಾಪನೆಯಾದ ಮೈಸೂರು ಧರ್ಮಕ್ಷೇತ್ರದಿಂದ (ಧರ್ಮಕ್ಷೇತ್ರವೆಂದರೆ ಒಬ್ಬ ಬಿಷಪ್ಪರ ಆಡಳಿತಕ್ಕೆ ಒಳಪಟ್ಟ ಪ್ರದೇಶ) ಬೆಂಗಳೂರು ಬೇರೆಯಾದದ್ದು 1940ರಲ್ಲಿ, ಮಹಾಧರ್ಮಕ್ಷೇತ್ರವಾದದ್ದು 1953ರಲ್ಲಿ. ಅಲ್ಲಿಯವರೆಗಿನ ಬಹುಕಾಲ ಇಲ್ಲಿ ಕೆಲಸ ಮಾಡಿದವರು ಪ್ಯಾರಿಸ್ ವಿದೇಶಿ ಮಿಷನ್ ಸಂಸ್ಥೆಯ ಫ್ರೆಂಚ್ ಗುರುಗಳು, ಅಂದರೆ ಪಾದ್ರಿಗಳು. ಅವರು 1882ರಲ್ಲಿ ಆರಂಭಿಸಿದ ಸೇಂಟ್ ಜೋಸೆಫ್ಸ್ ಕಾಲೇಜು 1937ರಲ್ಲಿ ಯೇಸುಸಭೆ (ಜೆಸ್ವಿಟ್) ಎಂಬ ಗುರುಸಂಘದವರ ಕೈಗೆ ಬಂದಂತೆ, ಒಂದೇ ಸಂಸ್ಥೆಯ ಹಳೆಯ ಪತ್ರಗಳು ಒಂದು ಸಭೆಯವರ ಬಳಿ, ಹೊಸವು ಇನ್ನೊಂದು ಸಭೆಯವರ ಬಳಿ ಇರುವುದು ಇಲ್ಲಿ ಸಾಮಾನ್ಯ. ಪ್ಯಾರಿಸ್ಸಿಗೆ ಹೋಗುತ್ತಿದ್ದ ವಾರ್ಷಿಕ ವರದಿಗಳು ಫ್ರೆಂಚಿನಲ್ಲಿವೆ. ಓದಲು ಒಬ್ಬ ಕನ್ಯಾಸ್ತ್ರೀಯವರ ನೆರವು ಪಡೆದೆ. ದೇಣಿಗೆ ಕೊಡುವವರನ್ನು ಉದ್ದೇಶಿಸಿ ಬರೆದ ಬರಹವಾದ್ದರಿಂದ ಅದರಲ್ಲಿ ಬಡತನದ ವರ್ಣನೆ ಧಾರಾಳ, ಪಾಠದ ಮಾತು ಕಡಿಮೆ.

ಇಡೀ ಪುಸ್ತಕಕ್ಕೆ ಬೆನ್ನೆಲುಬಾದದ್ದು ದಾಖಲಾತಿ ರಿಜಿಸ್ಟರು. ಕ್ಯಾಲಿಕೊ ರಟ್ಟಿನ ಆ ದಪ್ಪ ಪುಸ್ತಕದ ಎದುರುಬದುರಾದ ಎರಡು ಪುಟಗಳಲ್ಲಿ ಒಬ್ಬ ಹುಡುಗನಿಗೆ ಒಂದೇ ಸಾಲು: ಕ್ರಮಸಂಖ್ಯೆ, ಹೆಸರು, ತಂದೆ ಅಥವಾ ಪೋಷಕರ ಹೆಸರು, ಉದ್ಯೋಗ, ವಿಳಾಸ, ಧರ್ಮ ಮತ್ತು ಜಾತಿ, ಜನ್ಮದಿನಾಂಕ, ಸೇರಿದ ತರಗತಿ, ಬಿಟ್ಟ ದಿನ, ಬಿಟ್ಟ ಕಾರಣ, ಟಿ.ಸಿ. ಸಂಖ್ಯೆ. ಸೇರುವಾಗಿನ ವಿವರ ಒಂದು ಕೈಬರಹದಲ್ಲಿ, ಬಿಡುವಾಗಿನದು ಇನ್ನೊಂದರಲ್ಲಿ; ಎಷ್ಟೋ ಸಾಲುಗಳಲ್ಲಿ ಕೊನೆಯ ಮೂರು ಮನೆಗಳು ಖಾಲಿ. ಫೀಸು ಬಾಕಿ ಉಳಿಸಿಕೊಂಡು, ಟಿ.ಸಿ. ಕೇಳದೆ ನಿಂತುಹೋದ ಹುಡುಗರ ಸಾಲುಗಳು ಅವು ಎಂಬುದು ಫೀಸಿನ ಲೆಡ್ಜರಿನೊಂದಿಗೆ ತಾಳೆ ನೋಡಿದಾಗ ಖಚಿತವಾಯಿತು.

ತಂದೆಯ ಉದ್ಯೋಗದ ಕಾಲಮ್ಮನ್ನು ಮೇಲಿನಿಂದ ಕೆಳಕ್ಕೆ ಓದುತ್ತ ಹೋದರೆ ಬೆಂಗಳೂರಿನ ಚರಿತ್ರೆಯೇ ಸಿಗುತ್ತದೆ. ಆರಂಭದ ಸಂಪುಟಗಳಲ್ಲಿ ಬಟ್ಲರ್, ಪಿಂಚಣಿದಾರ, ರೈಲ್ವೆ ಗಾರ್ಡ್, ಬಿನ್ನಿ ಮಿಲ್ಲಿನ ಮೇಸ್ತ್ರಿ; 1940ರಲ್ಲಿ ಹಿಂದೂಸ್ತಾನ್ ಏರ್‌ಕ್ರಾಫ್ಟ್, 1948ರಲ್ಲಿ ಐ.ಟಿ.ಐ. (ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್), 1950ರ ದಶಕದಲ್ಲಿ ಎಚ್.ಎಂ.ಟಿ. ಮತ್ತು ಬಿ.ಇ.ಎಲ್. ಕಾರ್ಖಾನೆಗಳು ಬಂದ ಮೇಲೆ ಫಿಟ್ಟರ್, ಟರ್ನರ್, ಫೋರ್‌ಮನ್. ವಿಳಾಸದ ಕಾಲಮ್ಮೂ ಹಾಗೆಯೇ. 1898ರ ಆಗಸ್ಟಿನಲ್ಲಿ ಬೆಂಗಳೂರಿಗೆ ಪ್ಲೇಗು ಕಾಲಿಟ್ಟಾಗ ಹಾಜರಿ ಪುಸ್ತಕಗಳಲ್ಲಿ ಗೈರುಹಾಜರಿಯ ಗುರುತುಗಳು ಸಾಲುಸಾಲಾಗಿ ಬೀಳುತ್ತವೆ. ಅದಾದ ಒಂದು ದಶಕದ ನಂತರ, ಒತ್ತೊತ್ತಾದ ಗಲ್ಲಿಗಳ ಹೆಸರಿದ್ದ ಕಡೆ ಹೊಸ ಬಡಾವಣೆಯಾದ ಫ್ರೇಜರ್ ಟೌನಿನ ಹೆಸರು ಕಾಣಿಸಿಕೊಳ್ಳುತ್ತದೆ.

ನಾನು ಹೆಚ್ಚು ಕಾಲ ವ್ಯಯಿಸಿದ್ದು 1947ರಿಂದ 1960ರವರೆಗಿನ ಪುಟಗಳ ಮೇಲೆ. ಯೂರೋಪಿಯನ್ನರ ಮತ್ತು ಆಂಗ್ಲೋ ಇಂಡಿಯನ್ನರ ಮಕ್ಕಳಿಗೆಂದಿದ್ದ ಶಾಲೆಯ ಯೂರೋಪಿಯನ್ ವಿಭಾಗ ಸ್ವಾತಂತ್ರ್ಯದ ನಂತರ ‘ತಾನಾಗಿಯೇ ಎಲ್ಲರಿಗೂ ಬಾಗಿಲು ತೆರೆಯಿತು’ ಎಂದು ಸ್ಮರಣ ಸಂಚಿಕೆಗಳು ಹೇಳುತ್ತವೆ. ಸಂವಿಧಾನದ 337ನೆಯ ವಿಧಿಯನ್ನು ಪಕ್ಕದಲ್ಲಿಟ್ಟು ಓದಿದರೆ ಚಿತ್ರ ಅಷ್ಟು ಸರಳವಾಗಿ ಕಾಣುವುದಿಲ್ಲ. ಆಂಗ್ಲೋ ಇಂಡಿಯನ್ನರ ಶಿಕ್ಷಣಕ್ಕೆ 1948ರ ಮಾರ್ಚಿನಲ್ಲಿ ಮುಗಿದ ವರ್ಷದಲ್ಲಿ ದೊರೆತಿದ್ದ ಅನುದಾನವನ್ನೇ ಮೊದಲ ಮೂರು ವರ್ಷ ಮುಂದುವರಿಸಿ, ಆಮೇಲೆ ಪ್ರತಿ ಮೂರು ವರ್ಷಕ್ಕೆ ಶೇಕಡಾ ಹತ್ತರಷ್ಟು ಇಳಿಸಬಹುದೆಂದೂ, ಹತ್ತು ವರ್ಷಗಳ ಕೊನೆಗೆ ಈ ವಿಶೇಷ ರಿಯಾಯಿತಿ ನಿಲ್ಲಬೇಕೆಂದೂ ಆ ವಿಧಿ ಹೇಳಿತು. ಅದರ ಜೊತೆಗೆ, ವರ್ಷದ ದಾಖಲಾತಿಯಲ್ಲಿ ಕನಿಷ್ಠ ಶೇಕಡಾ ನಲವತ್ತನ್ನು ಇತರ ಸಮುದಾಯದವರಿಗೆ ದೊರೆಯುವಂತೆ ಇಡದ ಶಾಲೆಗೆ ಈ ಅನುದಾನಕ್ಕೆ ಹಕ್ಕಿಲ್ಲವೆಂದಿತು. ಧರ್ಮ ಮತ್ತು ಸಮುದಾಯದ ಕಾಲಮ್ಮನ್ನು ವರ್ಷವಾರು ಎಣಿಸಿ ಕೋಷ್ಟಕ ಮಾಡಿದಾಗ ಇತರ ಸಮುದಾಯದ ಹುಡುಗರ ಸಂಖ್ಯೆಯಲ್ಲಿ ಏರಿಕೆ ಕಂಡದ್ದು ಈ ವರ್ಷಗಳಲ್ಲೇ. ಅದೇ ಪುಟಗಳ ‘ಬಿಟ್ಟ ಕಾರಣ’ದಲ್ಲಿ ‘ಇಂಗ್ಲೆಂಡಿಗೆ’ ಎಂಬ ಒಂದೇ ಪದ ಮತ್ತೆ ಮತ್ತೆ ಬರುತ್ತದೆ. ಹೋದವರ ಸೀಟು ತುಂಬಬೇಕಿತ್ತು, ಅನುದಾನವೂ ಉಳಿಯಬೇಕಿತ್ತು. ಗುರುಗಳಲ್ಲಿ ಉದಾರಿಗಳಿದ್ದರು ಎಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಉದಾರತೆಗೆ ಲೆಕ್ಕದ ಪುಸ್ತಕದ ಒತ್ತಾಸೆಯೂ ಇತ್ತು ಎಂದು ಬರೆಯದಿದ್ದರೆ ಅದು ಚರಿತ್ರೆಯಾಗುತ್ತಿರಲಿಲ್ಲ.

ಭಾಷೆಯ ಅಧ್ಯಾಯವನ್ನು ಕಾಲವೇಳಾಪಟ್ಟಿಗಳಿಂದ ಕಟ್ಟಿದೆ. ದಂಡಿನ ಬಹಳಷ್ಟು ಕ್ಯಾಥೊಲಿಕ್ ಕುಟುಂಬಗಳ ಮನೆಮಾತು ತಮಿಳು. ಅವರ ನಡುವೆ ಕೊಂಕಣಿಯವರು, ಮಲಯಾಳದವರು, ಕನ್ನಡದವರು. ಎರಡನೆಯ ಭಾಷೆಯಾಗಿ ಲ್ಯಾಟಿನ್ ಇದ್ದ ಪಿರಿಯಡ್ಡಿಗೆ ಮುಂದೆ ಫ್ರೆಂಚ್ ಬಂತು, ಆಮೇಲೆ ಹಿಂದಿ ಮತ್ತು ತಮಿಳು ಬಂದವು. ಕನ್ನಡಕ್ಕೆ ವಾರದಲ್ಲಿ ಬಿಡಿಬಿಡಿಯಾಗಿ ಒಂದೆರಡು ಪಿರಿಯಡ್ಡುಗಳಿದ್ದದ್ದು, 1982ರ ಗೋಕಾಕ್ ಚಳವಳಿಯ ನಂತರದ ಪಟ್ಟಿಗಳಲ್ಲಿ ದಿನಕ್ಕೊಂದರಂತೆ ಕಾಣುತ್ತದೆ. ಸಿಬ್ಬಂದಿ ಸಭೆಯ ನಡಾವಳಿಯಲ್ಲಿ ಇದರ ಬಗ್ಗೆ ನಡೆದ ವಾಗ್ವಾದ ಒಂದು ಸಾಲಿನಲ್ಲಿ ಮುಗಿದಿದೆ, ಕಾಲವೇಳಾಪಟ್ಟಿ ಮಾತ್ರ ಏನನ್ನೂ ಮುಚ್ಚಿಟ್ಟಿಲ್ಲ.

ಹಳೆಯ ವಿದ್ಯಾರ್ಥಿಗಳ ಮಾತುಗಳನ್ನು ಕೊನೆಯಲ್ಲಿ ಸಂಗ್ರಹಿಸಿದೆ. ಕಾಗದ ಓದದೆ ಮಾತಿಗೆ ಕೂತರೆ ಎಲ್ಲರೂ ಬೆತ್ತದ ಏಟು ಮತ್ತು ಹಾಕಿ ಪಂದ್ಯದ ಕಥೆಯನ್ನೇ ಹೇಳುತ್ತಾರೆ. ‘ನಿಮ್ಮ ತರಗತಿಯಲ್ಲಿ ಎಂಟು ಮಂದಿ ಟಿ.ಸಿ. ಇಲ್ಲದೆ ನಿಂತರಲ್ಲ, ಅವರು ಎಲ್ಲಿಗೆ ಹೋದರು?’ ಎಂದು ಕೇಳಿದಾಗ ಒಬ್ಬ ಹಿರಿಯರು ಸ್ವಲ್ಪ ಯೋಚಿಸಿ, ‘ಇಬ್ಬರು ಮಿಲ್ಲಿಗೆ ಸೇರಿದರು ಸಾರ್, ಒಬ್ಬ ನಮ್ಮ ತಂದೆಯ ಗ್ಯಾರೇಜಿನಲ್ಲೇ ಇದ್ದ’ ಎಂದರು. ಇಂಥ ಉತ್ತರಗಳಿಂದ ರಿಜಿಸ್ಟರಿನ ಖಾಲಿ ಮನೆಗಳಲ್ಲಿ ಕೆಲವು ತುಂಬಿದವು.

ಹಸ್ತಪ್ರತಿ ನೋಡಿದ ಮಂಡಳಿಯವರು ಫೀಸು ಬಾಕಿಯ ಅಧ್ಯಾಯ ಬೇಡವೆಂದರು. ಮಾತುಕತೆಯ ನಂತರ, ವಿದ್ಯಾರ್ಥಿಗಳ ಹೆಸರಿಲ್ಲದೆ ದಶಕವಾರು ಕೋಷ್ಟಕವಾಗಿ ಅದನ್ನು ಉಳಿಸಿಕೊಳ್ಳಲು ಒಪ್ಪಿದರು. ಅದಕ್ಕೆ ಬದಲಾಗಿ ಕಟ್ಟಡಗಳ ಅಧ್ಯಾಯಕ್ಕೆ ನಾನು ಬಯಸಿದ್ದಕ್ಕಿಂತ ಹೆಚ್ಚು ಪುಟ ಕೊಡಬೇಕಾಯಿತು. ಉಪಾಧ್ಯಾಯರ ಹೆಸರುಗಳೊಂದಿಗೆ ಜವಾನರ, ಗಂಟೆ ಹೊಡೆಯುತ್ತಿದ್ದವರ, ಹಾಸ್ಟೆಲಿನ ಅಡುಗೆಯವರ ಹೆಸರುಗಳನ್ನೂ ಸಂಬಳದ ಪುಸ್ತಕದಿಂದ ತೆಗೆದು ಒಂದೇ ಪಟ್ಟಿಯಲ್ಲಿ, ಸೇರಿದ ವರ್ಷದ ಕ್ರಮದಲ್ಲಿ ಮುದ್ರಿಸಿದೆವು. ರಿಜಿಸ್ಟರುಗಳ ಪ್ರತಿ ಪುಟವನ್ನೂ ಸ್ಕ್ಯಾನ್ ಮಾಡಿಸಿ ಶಾಲೆಯಲ್ಲಿ ಇಡಲಾಗಿದೆ. ಹತ್ತಿರದ ದಶಕಗಳ ಸಂಪುಟಗಳನ್ನು ಆಯಾ ಕುಟುಂಬದವರಿಗೆ ಮಾತ್ರ, ಅದೂ ಅವರ ಸಾಲನ್ನಷ್ಟೇ ತೋರಿಸುವುದೆಂದು ತೀರ್ಮಾನವಾಗಿದೆ.